ಫೌಂಡರ್ಸ್ ಆನ್‌ಲೈನ್: ವಕೀಲ ಜಾನ್ ಆಡಮ್ಸ್‌ನನ್ನು ಓದಲು ಹೇಗಿದೆ?

ಅಮೆರಿಕದ ಎರಡನೇ ಅಧ್ಯಕ್ಷ ಜಾನ್ ಆಡಮ್ಸ್ ಬಾಸ್ಟನ್‌ನಲ್ಲಿ ಸನ್ನದು ಪಡೆದದ್ದು 1758ರ ನವೆಂಬರಿನಲ್ಲಿ. ಮರುತಿಂಗಳೇ ಒಂದು ಕೇಸು ಹಿಡಿದ. ಲ್ಯಾಂಬರ್ಟ್ ಎಂಬವನ ಕುದುರೆಗಳು ಫೀಲ್ಡ್ ಎಂಬವನ ಜಾಗಕ್ಕೆ ನುಗ್ಗಿದ್ದವು. ಫೀಲ್ಡ್ ಅವನ್ನು ದೊಡ್ಡಿಗೆ ಹೊಡೆದುಕೊಂಡು ಹೋಗುವಾಗ ಲ್ಯಾಂಬರ್ಟ್ ಬಿಡಿಸಿಕೊಂಡು ಹೋದ. ಗದ್ದೆಗೆ ದನ ನುಗ್ಗಿದ ಜಗಳ ನೋಡಿದ ಕೊಡಗಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಫೀಲ್ಡ್ ಪರವಾಗಿ ಆಡಮ್ಸ್ ಬರೆದ, ಎದುರಾಳಿಯನ್ನು ಕೋರ್ಟಿಗೆ ಕರೆಸುವ ರಿಟ್‌ನಲ್ಲಿ ‘ಕೌಂಟಿ’ ಎಂದಿರಬೇಕಾದ ಮಾತೇ ಬಿಟ್ಟುಹೋಗಿತ್ತು. ಅಷ್ಟಕ್ಕೇ ಕೇಸು ಬಿತ್ತು. ಊರವರು ನಗುತ್ತಾರಲ್ಲ ಎಂದು ಆತ ದಿನಚರಿಯಲ್ಲಿ ಒದ್ದಾಡಿದ್ದಾನೆ.

ಆ ಪುಟ ಸಿಗುವುದು ಫೌಂಡರ್ಸ್ ಆನ್‌ಲೈನ್‌ನಲ್ಲಿ. ಅಮೆರಿಕದ ಸ್ಥಾಪಕ ನಾಯಕರ ಪತ್ರ, ಬರಹಗಳಿಗಾಗಿ ಅಲ್ಲಿನ ರಾಷ್ಟ್ರೀಯ ಪತ್ರಾಗಾರ 2013ರಲ್ಲಿ ತೆರೆದ ತಾಣ. ಲಾಗಿನ್ ಇಲ್ಲ, ಶುಲ್ಕವಿಲ್ಲ. ಬಹುತೇಕ ಬರೀ ಅಕ್ಷರಗಳೇ ಆದ್ದರಿಂದ ಕಕ್ಕಡದ ಮಳೆಯಲ್ಲಿ ನೆಟ್‌ವರ್ಕ್ ಹೋಗಿಬಂದು ಮಾಡುವಾಗಲೂ ಪುಟ ತೆರೆಯುತ್ತದೆ. ಕೈಬರಹದ ಚಿತ್ರ ಇಲ್ಲಿಲ್ಲ. ದಿನಚರಿಯ ಮೂಲ ಹಾಳೆ ನೋಡಬೇಕೆಂದರೆ ಮೆಸಾಚುಸೆಟ್ಸ್ ಹಿಸ್ಟಾರಿಕಲ್ ಸೊಸೈಟಿಯ ತಾಣಕ್ಕೆ ಹೋಗಿ.

ಹುಡುಕುವ ಡಬ್ಬಿಯಲ್ಲಿ ಬರೀ ‘ಆಡಮ್ಸ್’ ಎಂದು ಹಾಕಿದರೆ ಕೆಲಸ ಕೆಟ್ಟಿತು: ಆತನ ಹೆಂಡತಿ, ಮಗ, ಅಳಿಯ ಎಲ್ಲರ ಪತ್ರಗಳೂ ಸುರಿಯುತ್ತವೆ. ಬರೆದವರ ಹೆಸರು ಆರಿಸಿ, 1758ರಿಂದ 1774ರವರೆಗೆ ತಾರೀಖು ಕಟ್ಟಿ, ಫಲಿತಾಂಶವನ್ನು ತಾರೀಖಿನ ಕ್ರಮದಲ್ಲಿ ಜೋಡಿಸಿಕೊಳ್ಳಿ. ಹದಿನೆಂಟನೇ ಶತಮಾನದ ಕಾಗುಣಿತ ಒಂದೇ ತೆರನಾಗಿಲ್ಲ, ಸಂಕ್ಷೇಪಗಳೂ ಹೆಚ್ಚು. ಹಾಗಾಗಿ ಪದ ಹಾಕಿ ಹುಡುಕುವುದಕ್ಕಿಂತ ತಾರೀಖೇ ವಾಸಿ. ಕೋರ್ಟು ವ್ಯವಹಾರಕ್ಕೆ ಆಡಮ್ಸ್ ಪತ್ರಗಳೊಳಗಿನ ಕಾನೂನು ದಾಖಲೆಗಳ ಮೂರು ಸಂಪುಟಗಳಿಗೇ ನೇರ ಇಳಿಯಿರಿ. ನಮ್ಮ ಮಟ್ಟಿಗೆ ತಾಣದ ತಿರುಳು ಅದೇ.

ಮೂರನೇ ಸಂಪುಟದಲ್ಲಿ ಬಾಸ್ಟನ್ ಹತ್ಯಾಕಾಂಡದ ವಿಚಾರಣೆಗಳಿವೆ. 1770ರ ಮಾರ್ಚ್ 5ರಂದು ಬ್ರಿಟಿಷ್ ಸಿಪಾಯಿಗಳು ಗುಂಡು ಹಾರಿಸಿ ಐವರು ಸತ್ತರು. ಬ್ರಿಟಿಷರ ತೆರಿಗೆಯನ್ನು ವಿರೋಧಿಸಿದ್ದ ಆಡಮ್ಸ್ ಸಿಪಾಯಿಗಳ ಪರ ನಿಂತ. ಅವರ ಅಧಿಕಾರಿ ಕ್ಯಾಪ್ಟನ್ ಪ್ರೆಸ್ಟನ್ ಬಿಡುಗಡೆಯಾದ. ಎಂಟು ಸಿಪಾಯಿಗಳಲ್ಲಿ ಆರು ಮಂದಿ ಖುಲಾಸೆ, ಇಬ್ಬರು ಕೊಲೆಯಲ್ಲದ ನರಹತ್ಯೆಗೆ ದೋಷಿಗಳು. ಡಿಸೆಂಬರ್ 3 ಮತ್ತು 4ರಂದು ಆತ ಮಾಡಿದ ವಾದ ಪೂರ್ತಿ ಇದೆ. ಮೂಟ್ ಕೋರ್ಟಿಗೆ (ಅಣಕು ನ್ಯಾಯಾಲಯದ ಸ್ಪರ್ಧೆಗೆ) ತಯಾರಾಗುವ ಕಾನೂನು ವಿದ್ಯಾರ್ಥಿಗಳು ಅದರಲ್ಲಿ ಆತ್ಮರಕ್ಷಣೆಯ ಭಾಗವನ್ನು ಎರಡು ಸಲ ಓದಲಿ: ಕಾನೂನು ಮೊದಲು, ಸಾಕ್ಷಿ ಆಮೇಲೆ.

ಫೋನಿನಲ್ಲಿ ಪುಟವನ್ನು ಕನ್ನಡಕ್ಕೆ ತಿರುಗಿಸಿ ಓದುವವರು ಎಡವುವುದೂ ಇಲ್ಲೇ. ದೋಷಿಗಳಾದ ಆ ಇಬ್ಬರು ಸಿಪಾಯಿಗಳು ಬೇಡಿದ್ದು ‘ಬೆನಿಫಿಟ್ ಆಫ್ ಕ್ಲರ್ಜಿ’. ಪದಕ್ಕೆ ಪದ ಇಟ್ಟರೆ ‘ಪಾದ್ರಿಗಳ ಲಾಭ’ ಆದೀತು, ಅರ್ಥ ಮಾತ್ರ ಆಗದು. ಮೊದಲ ಸಲ ಸಿಕ್ಕಿಬಿದ್ದವನು ಗಲ್ಲು ತಪ್ಪಿಸಿಕೊಳ್ಳಲು ಇದ್ದ ಹಳೇ ದಾರಿ ಅದು. ಇನ್ನೊಮ್ಮೆ ಅದೇ ರಿಯಾಯಿತಿ ಕೇಳದಿರಲಿ ಎಂದು ಹೆಬ್ಬೆರಳಿಗೆ ಬರೆ ಎಳೆದು ಬಿಟ್ಟರು.

ಆಡಮ್ಸ್‌ನ ಆತ್ಮಕಥೆಯೂ ಇದೆ. ಪ್ರೆಸ್ಟನ್ ವಿಚಾರಣೆಗೆ ಹತ್ತು ಗಿನಿ (ಆಗಿನ ಬ್ರಿಟಿಷ್ ಚಿನ್ನದ ನಾಣ್ಯ), ಸಿಪಾಯಿಗಳದಕ್ಕೆ ಎಂಟು ಎಂದು ಫೀಸಿನ ಲೆಕ್ಕ ಸಿಗುವುದು ಅದರಲ್ಲೇ. ಆದರೆ ಅದನ್ನು ಬರೆಯತೊಡಗಿದ್ದು 1802ರಲ್ಲಿ, ಘಟನೆಯಾಗಿ ಮೂವತ್ತೆರಡು ವರ್ಷಕ್ಕೆ, ಅದೂ ಅಧ್ಯಕ್ಷ ಪದವಿಯ ಚುನಾವಣೆ ಸೋತ ಮೇಲೆ. ಅಲ್ಲಿ ಓದಿದ್ದನ್ನು ಆಯಾ ಕಾಲದ ದಾಖಲೆಯೊಂದಿಗೆ ತಾಳೆ ನೋಡದೆ ಬರೆದುಕೊಳ್ಳಬೇಡಿ.

ಅಧ್ಯಕ್ಷಗಿರಿ ಮುಗಿದ ನಂತರದ ಎಷ್ಟೋ ಪತ್ರಗಳ ಮೇಲೆ ‘ಅರ್ಲಿ ಆಕ್ಸೆಸ್’ ಎಂದಿರುತ್ತದೆ: ಅಂತಿಮ ಪಾಠವಲ್ಲ, ಟಿಪ್ಪಣಿಯೂ ಇಲ್ಲ. ಪ್ರಬಂಧದಲ್ಲಿ ಉದ್ಧರಿಸುವುದಾದರೆ ಪುಟದ ಕೊನೆಯಲ್ಲಿರುವ ಉಲ್ಲೇಖದ ಸಾಲನ್ನು ಹಾಗೇ ಎತ್ತಿಕೊಳ್ಳಿ. ಮುದ್ರಿತ ಸಂಪುಟವಿದ್ದರೆ ಅದರ ಪುಟಸಂಖ್ಯೆಯೂ ಅದರಲ್ಲೇ ಇರುತ್ತದೆ.