ಸಮುದ್ರದ ಕಸದಿಂದ ಮಾಡಿದ ಕೂಲಿಂಗ್ ಗ್ಲಾಸ್: ಐದು ವರ್ಷ ಹಾಕಿಕೊಂಡ ಮೇಲೆ

ಡೆಲ್ಫ್ಟ್‌ಗೆ ಬಂದ ಮೊದಲ ಚಳಿಗಾಲದಲ್ಲಿ ನಾನು ತೆಗೆದುಕೊಂಡ ಅತಿ ದುಬಾರಿ ವಸ್ತು ಒಂದು ಕೂಲಿಂಗ್ ಗ್ಲಾಸ್. 199 ಯೂರೋ. ಚಳಿಯಲ್ಲಿ ಅದು ಯಾಕೆ ಅಂತ ಅಮ್ಮ ಫೋನಿನಲ್ಲಿ ಕೇಳಿದ್ದರು. ನೆದರ್‌ಲ್ಯಾಂಡ್ಸ್‌ನಲ್ಲಿ ಚಳಿಗಾಲದ ಸೂರ್ಯ ನೆತ್ತಿಯ ಕಡೆ ಏರುವುದೇ ಇಲ್ಲ. ಬೆಳಿಗ್ಗೆ ಸೈಕಲ್ ತುಳಿಯುವಾಗ ನೇರವಾಗಿ ಕಣ್ಣಿಗೇ ಹೊಡೆಯುತ್ತದೆ, ಒದ್ದೆ ರಸ್ತೆ, ಕಾಲುವೆಯ ನೀರು, ಎದುರಿನ ಕಾರಿನ ಗಾಜು ಎಲ್ಲ ಒಟ್ಟಿಗೆ ಹೊಳೆದು ಮುಂದೆ ಬರುವವರೇ ಕಾಣುವುದಿಲ್ಲ. ಹಾಗಾಗಿ ಇಲ್ಲಿ ಅದು ಶೋಕಿ ಅಲ್ಲ, ಬೇಕಾದ ವಸ್ತುವೇ.

ಆದರೆ ಬೇಕಿದ್ದಿದ್ದರೆ ಇಪ್ಪತ್ತು ಯೂರೋದ್ದೂ ಸಿಗುತ್ತಿತ್ತು. ಇದನ್ನೇ ತೆಗೆದುಕೊಂಡಿದ್ದು ಇದರ ಫ್ರೇಮ್ ಎಲ್ಲಿಂದ ಬಂತು ಅನ್ನುವ ಕಾರಣಕ್ಕೆ. ಇದು ದಿ ಓಷನ್ ಕ್ಲೀನಪ್ ಸಂಸ್ಥೆ 2020ರ ಅಕ್ಟೋಬರ್‌ನಲ್ಲಿ ಮಾರಾಟಕ್ಕೆ ಇಟ್ಟ ಕನ್ನಡಕ. ಕ್ಯಾಲಿಫೋರ್ನಿಯಾಕ್ಕೂ ಹವಾಯಿಗೂ ನಡುವೆ ಪೆಸಿಫಿಕ್ ಸಾಗರದಲ್ಲಿ ತೇಲುತ್ತಿದ್ದ ಪ್ಲಾಸ್ಟಿಕ್ ಅನ್ನು ಹಿಡಿದು ತಂದು, ಬೇರ್ಪಡಿಸಿ, ತೊಳೆದು, ಕರಗಿಸಿ ಮಾಡಿದ್ದು. ವಿನ್ಯಾಸ ಇವ್ ಬೆಹಾರ್ ಅವರದು, ತಯಾರಿಸಿದ್ದು ಇಟಲಿಯ ಸಫಿಲೋ ಕಂಪನಿ.

ಮೊದಲು ಕನ್ನಡಕದ ವಿಷಯ ಮುಗಿಸುತ್ತೇನೆ. ಫ್ರೇಮ್ ಕಡು ನೀಲಿ. ಕೈಗೆ ತೆಗೆದುಕೊಂಡರೆ ಕಸದಿಂದ ಆಗಿದ್ದು ಅಂತ ಯಾರಿಗೂ ಗೊತ್ತಾಗುವುದಿಲ್ಲ. ಐದು ವರ್ಷದಲ್ಲಿ ಎರಡು ಸಲ ಸೈಕಲ್ ಮೇಲಿಂದ ಬಿದ್ದಿದೆ, ಬಿರುಕು ಬಿಟ್ಟಿಲ್ಲ. ಕಿವಿಗೆ ಸಿಕ್ಕಿಸುವ ಕಡ್ಡಿಗಳು ಇವತ್ತಿಗೂ ಸಡಿಲ ಆಗಿಲ್ಲ. ಲೆನ್ಸ್ ಪೋಲರೈಸ್ಡ್, ಅಂದರೆ ನೀರು, ರಸ್ತೆಯಂಥ ಮಟ್ಟಸವಾದ ಕಡೆಯಿಂದ ಚಿಮ್ಮಿ ಬರುವ ಪ್ರಖರ ಬೆಳಕನ್ನು ತಡೆಯುತ್ತದೆ. ಇದನ್ನು ಹಾಕಿಕೊಂಡು ಕಾಲುವೆ ನೋಡಿದರೆ ಮೇಲಿನ ಹೊಳಪು ಮಾಯವಾಗಿ ನೀರಿನ ಒಳಗಿರುವುದು ಕಾಣುತ್ತದೆ. ಮೊದಲ ದಿನ ನನಗೆ ಕಂಡಿದ್ದು ಒಂದು ಬಾಟಲಿ ಮುಚ್ಚಳ, ಒಂದು ಚಿಪ್ಸ್ ಪೊಟ್ಟಣ.

ಇನ್ನು ಇದರ ಹಿಂದಿರುವ ಹುಡುಗನ ಕತೆ. ನನಗೆ ಇದು ಕನ್ನಡಕಕ್ಕಿಂತ ಮುಖ್ಯ.

ಬೋಯಾನ್ ಸ್ಲಾಟ್ ಹುಟ್ಟಿದ್ದು ಇದೇ ಡೆಲ್ಫ್ಟ್‌ನಲ್ಲಿ, 1994ರಲ್ಲಿ. ಚಿಕ್ಕಂದಿನಿಂದ ಏನಾದರೂ ಕಟ್ಟುವ ಹುಚ್ಚು. 14ನೇ ವಯಸ್ಸಿಗೆ 213 ನೀರಿನ ರಾಕೆಟ್‌ಗಳನ್ನು ಒಟ್ಟಿಗೆ ಹಾರಿಸಿ ಗಿನ್ನೆಸ್ ದಾಖಲೆ ಮಾಡಿದ. 16 ವರ್ಷದವನಿದ್ದಾಗ ಗ್ರೀಸ್‌ನ ಸಮುದ್ರದಲ್ಲಿ ಡೈವಿಂಗ್‌ಗೆ ಇಳಿದರೆ ಮೀನಿಗಿಂತ ಪ್ಲಾಸ್ಟಿಕ್ಕೇ ಜಾಸ್ತಿ ಕಂಡಿತು. ನಮಗೆಲ್ಲರಿಗೂ ಎಲ್ಲೋ ಒಂದು ಕಡೆ ಹೀಗೆ ಕಂಡಿರುತ್ತದೆ, ಅಲ್ವಾ? ಬೇಜಾರು ಮಾಡಿಕೊಂಡು ಮನೆಗೆ ಬರುತ್ತೇವೆ. ಇವನು ಶಾಲೆಯ ಪ್ರಾಜೆಕ್ಟ್‌ಗೆ ಅದನ್ನೇ ಹಿಡಿದುಕೊಂಡ. ಬಲೆ ಹಿಡಿದು ಕಸದ ಹಿಂದೆ ಹಡಗು ಓಡಿಸುವ ಬದಲು, ಸಮುದ್ರದ ಹರಿವೇ ಕಸವನ್ನು ಒಂದು ತಡೆಯ ಹತ್ತಿರ ತಂದು ಕೊಟ್ಟರೆ ಹೇಗೆ ಅಂತ ಯೋಚಿಸಿದ. 2012ರಲ್ಲಿ ಡೆಲ್ಫ್ಟ್‌ನ ಟೆಡ್‌ಎಕ್ಸ್ ಅನ್ನುವ ಭಾಷಣದ ವೇದಿಕೆಯಲ್ಲಿ ಅದನ್ನು ಹೇಳಿದ. 2013ರಲ್ಲಿ ಏರೋಸ್ಪೇಸ್ ಎಂಜಿನಿಯರಿಂಗ್ ಓದು ಬಿಟ್ಟು, ಕೂಡಿಟ್ಟ 300 ಯೂರೋ ಹಾಕಿ ದಿ ಓಷನ್ ಕ್ಲೀನಪ್ ಸಂಸ್ಥೆ ಶುರು ಮಾಡಿದ. ಆಗ ವಯಸ್ಸು 18. ನೆರವು ಕೇಳಿ 300 ಕಂಪನಿಗಳಿಗೆ ಬರೆದರೆ ಉತ್ತರ ಕೊಟ್ಟಿದ್ದು ಒಂದೇ ಒಂದು, ಅದರಿಂದಲೂ ಏನೂ ಆಗಲಿಲ್ಲ. ಆಮೇಲೆ ಅವನ ಭಾಷಣದ ವಿಡಿಯೊ ಎಲ್ಲ ಕಡೆ ಹರಡಿತು, 2014ರಲ್ಲಿ 160 ದೇಶಗಳ ಸುಮಾರು 38,000 ಜನ ಸೇರಿ ಇಪ್ಪತ್ತು ಲಕ್ಷ ಡಾಲರ್‌ಗೂ ಜಾಸ್ತಿ ಕೊಟ್ಟರು. ಅದೇ ವರ್ಷ ವಿಶ್ವಸಂಸ್ಥೆಯ ಚಾಂಪಿಯನ್ಸ್ ಆಫ್ ದಿ ಅರ್ಥ್ ಪ್ರಶಸ್ತಿಯೂ ಬಂತು.

ಇಲ್ಲಿಗೆ ನಿಲ್ಲಿಸಿದರೆ ಇದು ಇನ್ನೊಂದು ಪ್ರಶಸ್ತಿಯ ಕತೆ. ನನಗೆ ಗೌರವ ಬಂದಿದ್ದು ಇದರ ನಂತರದ್ದಕ್ಕೆ.

2018ರ ಸೆಪ್ಟೆಂಬರ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಿಂದ ಇವರ ಮೊದಲ ದೊಡ್ಡ ಯಂತ್ರ ಸಮುದ್ರಕ್ಕೆ ಹೋಯಿತು. ನೀರಿನ ಮೇಲೆ ತೇಲುವ 600 ಮೀಟರ್ ಉದ್ದದ ಕೊಳವೆ, ಅದರ ಕೆಳಗೆ ಇಳಿಬಿಟ್ಟ ಪರದೆ, ಒಟ್ಟಾರೆ ಲಾಳದ ಆಕಾರ. ಜಗತ್ತೆಲ್ಲ ನೋಡುತ್ತಿತ್ತು. ಆದರೆ ಲಾಳದೊಳಗೆ ಬಂದ ಪ್ಲಾಸ್ಟಿಕ್ ಅಲ್ಲಿ ನಿಲ್ಲಲೇ ಇಲ್ಲ, ಬಂದ ದಾರಿಯಲ್ಲೇ ಹೊರಗೆ ಹೋಯಿತು. ಯಂತ್ರವೂ ಪ್ಲಾಸ್ಟಿಕ್ಕೂ ಒಂದೇ ವೇಗದಲ್ಲಿ ತೇಲಿದರೆ ಯಾವುದು ಯಾವುದನ್ನು ಹಿಡಿಯಬೇಕು? ಎರಡರ ವೇಗದಲ್ಲಿ ವ್ಯತ್ಯಾಸ ಇರಲೇಬೇಕು. ಸಾಲದ್ದಕ್ಕೆ ಡಿಸೆಂಬರ್ ಕೊನೆಯಲ್ಲಿ ಕೊಳವೆಯ ತುದಿಯ 18 ಮೀಟರ್ ತುಂಡು ಮುರಿದು ಬೇರೆಯಾಯಿತು. ಎಲ್ಲವನ್ನೂ ಹವಾಯಿಗೆ ಎಳೆದು ತಂದರು. ಆಗ ಅವನಿಗೆ 24 ವರ್ಷ. ಇದು ಆಗುವ ಕೆಲಸ ಅಲ್ಲ ಅಂತ ಮೊದಲಿನಿಂದ ಹೇಳುತ್ತಿದ್ದವರು ಬಹಳ ಜನ ಇದ್ದರು, ಅವರಲ್ಲಿ ಸಮುದ್ರ ವಿಜ್ಞಾನಿಗಳೂ ಇದ್ದರು.

ಸಂಸ್ಥೆ ಏನು ತಪ್ಪಾಯಿತು ಅಂತ ಬಹಿರಂಗವಾಗಿಯೇ ಬರೆದು ಹೇಳಿತು. 2019ರ ಜೂನ್‌ನಲ್ಲಿ ತಿದ್ದಿದ ಯಂತ್ರ ಮತ್ತೆ ಹೊರಟಿತು. ಈ ಸಲ ನೀರಿನ ಒಳಗೆ ಪ್ಯಾರಾಚೂಟ್ ಥರದ ಒಂದು ಲಂಗರು ಬಿಟ್ಟು ಯಂತ್ರವನ್ನು ನಿಧಾನ ಮಾಡಿದರು. ಯಂತ್ರ ಹಿಂದೆ ಉಳಿಯಿತು, ಪ್ಲಾಸ್ಟಿಕ್ ಬಂದು ಸೇರಿತು, ಅಲ್ಲೇ ನಿಂತಿತು. ಅಷ್ಟು ಸರಳ ಉಪಾಯ, ಅದಕ್ಕೆ ಆರು ವರ್ಷದ ಕೆಲಸ. ಡಿಸೆಂಬರ್‌ನಲ್ಲಿ ಕೆನಡಾದ ವ್ಯಾಂಕೂವರ್ ಬಂದರಿಗೆ 60 ಚೀಲ ಕಸ ಬಂದಿಳಿಯಿತು. ನನ್ನ ಮೂಗಿನ ಮೇಲೆ ಕುಳಿತಿರುವ ಫ್ರೇಮ್ ಆ ಸಲ ಹಿಡಿದ ಕಸದ್ದು.

ಈ ಕಸದ ಬಗ್ಗೆ ಸ್ವಲ್ಪ ಹೇಳಲೇಬೇಕು. ಇದು ತೇಲುತ್ತಿದ್ದ ಜಾಗಕ್ಕೆ ಗ್ರೇಟ್ ಪೆಸಿಫಿಕ್ ಗಾರ್ಬೇಜ್ ಪ್ಯಾಚ್ ಅನ್ನುತ್ತಾರೆ. ಅದು ಕಸದ ದ್ವೀಪ, ಮೇಲೆ ನಡೆಯಬಹುದು ಅಂದುಕೊಂಡವರು ಬಹಳ. ಹಾಗಲ್ಲ. 16 ಲಕ್ಷ ಚದರ ಕಿಲೋಮೀಟರ್‌ಗೆ, ಎಂಟು ಕರ್ನಾಟಕದಷ್ಟು ಜಾಗಕ್ಕೆ, ತೆಳ್ಳಗೆ ಹರಡಿಕೊಂಡಿದೆ. 2018ರ ಅಧ್ಯಯನದ ಲೆಕ್ಕದಲ್ಲಿ ಸುಮಾರು 80,000 ಟನ್, ತೂಕದಲ್ಲಿ ಅದರ ಹತ್ತಿರ ಹತ್ತಿರ ಅರ್ಧ ಮೀನಿನ ಬಲೆಗಳೇ. ಸಿಕ್ಕಿದ ವಸ್ತುಗಳಲ್ಲಿ ಒಂದರ ಮೇಲೆ 1977 ಅಂತ ಇಸವಿ ಇತ್ತು. ನಾನು ಹುಟ್ಟುವ ಮುಂಚೆ ಯಾರೋ ಬಿಸಾಕಿದ್ದು ಇನ್ನೂ ಅಲ್ಲೇ ಸುತ್ತುತ್ತಿತ್ತು ಅಂದರೆ ಹೊಟ್ಟೆಯಲ್ಲಿ ಸಂಕಟ ಆಗುತ್ತದೆ. ಬಿಸಿಲಿಗೆ ಹಳೆಯದಾಗಿ ಪುಡಿಯಾಗುವ ಇಂಥ ಪ್ಲಾಸ್ಟಿಕ್‌ನಿಂದ ಇಷ್ಟು ಗಟ್ಟಿ ಫ್ರೇಮ್ ಮಾಡುವುದು ಸುಲಭ ಇಲ್ಲ. 199 ಯೂರೋ ಬೆಲೆಯನ್ನು ನಾನು ಒಪ್ಪಿಕೊಂಡಿದ್ದಕ್ಕೆ ಅದೂ ಒಂದು ಕಾರಣ. ಮಾರಿದ ದುಡ್ಡು ಮತ್ತೆ ಸಮುದ್ರ ಸ್ವಚ್ಛತೆಗೇ ಹೋಗುತ್ತದೆ, ಒಂದು ಕನ್ನಡಕದಿಂದ 24 ಫುಟ್ಬಾಲ್ ಮೈದಾನದಷ್ಟು ಜಾಗ ಸ್ವಚ್ಛ ಆಗಲು ನೆರವಾಗುತ್ತದೆ ಅಂತ ಸಂಸ್ಥೆ ಹೇಳಿತ್ತು.

ಆಕ್ಷೇಪಗಳೂ ಇವೆ, ಅವನ್ನು ಮುಚ್ಚಿಟ್ಟು ಬರೆಯುವುದು ಸರಿಯಲ್ಲ. ಕಡಲ ಮೇಲ್ಮೈಯಲ್ಲೇ ತೇಲಿ ಬದುಕುವ ಪುಟ್ಟ ಜೀವಿಗಳು ಪ್ಲಾಸ್ಟಿಕ್ ಜೊತೆ ಸಿಕ್ಕಿಬೀಳುತ್ತವೆ ಅನ್ನುತ್ತಾರೆ ವಿಜ್ಞಾನಿಗಳು. ಇದನ್ನು ನಾನು ಹಗುರವಾಗಿ ತೆಗೆದುಕೊಳ್ಳುವುದಿಲ್ಲ. ಈಗಿನ ಯಂತ್ರ ಎರಡು ಕಿಲೋಮೀಟರ್‌ಗೂ ಉದ್ದ, ಎರಡು ಹಡಗುಗಳು ಎಳೆಯುತ್ತವೆ, ಎಣ್ಣೆ ಉರಿಯುತ್ತದೆ. ಮೊದಲು ಅಂದುಕೊಂಡ 'ಹರಿವೇ ಕೆಲಸ ಮಾಡಲಿ' ಅನ್ನುವ ಚಂದದ ಯೋಚನೆ ಅಲ್ಲಿ ಬಿಟ್ಟುಹೋಗಿದೆ, ಅದು ನನಗೆ ನಿಜಕ್ಕೂ ಬೇಸರ. ಮತ್ತೆ ಎಲ್ಲರೂ ಕೇಳುವ ಪ್ರಶ್ನೆ: ನಲ್ಲಿ ಬಿಟ್ಟುಕೊಂಡು ನೆಲ ಒರೆಸಿದರೆ ಏನು ಪ್ರಯೋಜನ?

ಇದಕ್ಕೆ ಸ್ಲಾಟ್ ಮಾತಿನಲ್ಲಲ್ಲ, ಕೆಲಸದಲ್ಲಿ ಉತ್ತರ ಕೊಟ್ಟ ಅನ್ನುವುದು ನನ್ನ ಅನಿಸಿಕೆ. 2019ರ ಅಕ್ಟೋಬರ್‌ನಲ್ಲಿ ರೋಟರ್‌ಡ್ಯಾಮ್‌ನಲ್ಲಿ ಇಂಟರ್‌ಸೆಪ್ಟರ್ ಅನ್ನುವ ಇನ್ನೊಂದು ಯಂತ್ರ ತೋರಿಸಿದ. ಅದು ನದಿಯ ಮೇಲೆ ನಿಲ್ಲುತ್ತದೆ, ಸೌರಶಕ್ತಿಯಿಂದ ನಡೆಯುತ್ತದೆ, ಕಸ ಸಮುದ್ರ ಸೇರುವ ಮೊದಲೇ ಬೆಲ್ಟ್ ಮೇಲೆ ಎತ್ತಿ ಡಬ್ಬಿಗೆ ಹಾಕುತ್ತದೆ. ಜಕಾರ್ತ, ಮಲೇಷ್ಯಾದ ಕ್ಲಾಂಗ್ ನದಿ, ಆಮೇಲೆ ಲಾಸ್ ಏಂಜಲೀಸ್, ಹೀಗೆ ಹಲವು ಕಡೆ ಹೋಗಿದೆ. ನದಿಗಳ ಮೂಲಕ ಸಮುದ್ರ ಸೇರುವ ಪ್ಲಾಸ್ಟಿಕ್‌ನಲ್ಲಿ ಸುಮಾರು 80% ಬರುವುದು ಸಾವಿರದಷ್ಟು ನದಿಗಳಿಂದಲೇ ಅನ್ನುವ ಅಧ್ಯಯನ 2021ರಲ್ಲಿ ಬಂತು. ನನ್ನನ್ನು ಕೇಳಿದರೆ ನದಿಯ ಕೆಲಸವೇ ಇವರ ದೊಡ್ಡ ಕೆಲಸ, ದುಡ್ಡು ಕೊಡುವವರು ಅದಕ್ಕೇ ಕೊಡಿ.

ಕೊಳ್ಳಬಹುದಾ ಅಂತ ಗೆಳೆಯರು ಈಗಲೂ ಕೇಳುತ್ತಾರೆ. ಮಾಡಿದ ಕನ್ನಡಕಗಳೆಲ್ಲ ಮಾರಿ ಮುಗಿದಿವೆ. ಯಾರಾದರೂ ಬಳಸಿದ್ದನ್ನು ಮಾರುತ್ತಿದ್ದರೆ ಲೆನ್ಸ್ ಮೇಲೆ ಗೀರು ಇದೆಯಾ ನೋಡಿ. ಪೋಲರೈಸ್ಡ್ ಹೌದಾ ಅಂತ ತಿಳಿಯಲು ಫೋನಿನ ಪರದೆಯ ಎದುರು ಹಿಡಿದು ನಿಧಾನಕ್ಕೆ ತಿರುಗಿಸಿ, ಒಂದು ಕೋನದಲ್ಲಿ ಪರದೆ ಕಪ್ಪಾದರೆ ಹೌದು ಅಂತ ಅರ್ಥ, ಆದರೆ ಕೆಲವು ಫೋನ್‌ಗಳಲ್ಲಿ ಹೀಗೆ ಆಗುವುದಿಲ್ಲ. 199ಕ್ಕಿಂತ ಜಾಸ್ತಿ ಕೇಳಿದರೆ ಬಿಟ್ಟುಬಿಡಿ, ಆ ಹೆಚ್ಚಿನ ದುಡ್ಡು ಸಮುದ್ರಕ್ಕೆ ಹೋಗುವುದಿಲ್ಲ. ನನ್ನದನ್ನು ಕೇಳಬೇಡಿ, ಮಗಳು ಆಗಲೇ ತನಗೆ ಬೇಕು ಅಂತ ಹೇಳಿಟ್ಟಿದ್ದಾಳೆ.