ರಾತ್ರಿಯಿಡೀ ವಯಾಂಗೋ, ಹತ್ತು ನಿಮಿಷದ ಕೊಪ್ಲೊನೋ?

ಎರಡು ತಿಂಗಳಿಂದ ರಾತ್ರಿ ಊಟ ಆದ ಮೇಲೆ ಇಂಡೋನೇಷ್ಯಾದ ವಿಡಿಯೊಗಳನ್ನೇ ನೋಡುತ್ತಿದ್ದೇನೆ. ಮೂರು ಬಗೆಯವು. ಅಲ್ಲಿನ ಧಾರಾವಾಹಿ, ಅದಕ್ಕೆ ಸಿನೆತ್ರೊನ್ ಅಂತಾರೆ. ದಂಗ್‌ದುತ್ ಎಂಬ ಅಲ್ಲಿನ ಜನಪ್ರಿಯ ಸಂಗೀತದ ಕೊಪ್ಲೊ ಬಗೆಯ ಹಾಡುಗಳು. ಮತ್ತೆ ಯೂಟ್ಯೂಬಿನಲ್ಲಿ ಲೈವ್ ಬರುವ ವಯಾಂಗ್ ಕುಲಿತ್, ಅಂದರೆ ಜಾವಾದ ತೊಗಲುಗೊಂಬೆಯಾಟ.

ಸಿನೆತ್ರೊನ್ ಕಥೆಗಳು ನಮ್ಮ ಧಾರಾವಾಹಿ ನೋಡಿದವರಿಗೆ ಹೊಸದೇನಲ್ಲ. ಗಂಜಿ ಮಾರುವವನ ಕಥೆಯೊಂದು 2012ರಿಂದ 2017ರವರೆಗೆ ಓಡಿ 2,000 ಕಂತು ದಾಟಿತ್ತು. ಆದರೆ ಭಾಷೆ ಕಲಿಯೋಕೆ ಮೂರರಲ್ಲಿ ಇದೇ ಮೇಲು. ಅದೇ ಮಾತು ಮತ್ತೆ ಮತ್ತೆ ಕಿವಿಗೆ ಬೀಳುತ್ತದೆ. ಗಂಡನಿಗೆ ಸುವಾಮಿ, ಹೆಂಡತಿಗೆ ಇಸ್ತ್ರಿ, ಪ್ರೀತಿಗೆ ಚಿಂತಾ! ಇವನ್ನು ಮರೆಯೋಕಾಗುತ್ತಾ?

ಕೊಪ್ಲೊ ಪೂರ್ವ ಜಾವಾದ್ದು. ಕೆಂದಾಂಗ್ ಎಂಬ ಡೋಲು ಇದರ ಜೀವ. 'ದಂಗ್', 'ದುತ್' ಅನ್ನೋದು ಡೋಲಿನ ಸದ್ದೇ. ಹಳೇ ಹಿಂದಿ ಸಿನಿಮಾ ಹಾಡುಗಳ ಛಾಯೆ ದಂಗ್‌ದುತ್‌ನಲ್ಲಿದೆ, ಅದಕ್ಕೇ ಮೊದಲ ಸಲಕ್ಕೇ ನಮ್ಮದು ಅನ್ನಿಸುತ್ತದೆ. ಮದುವೆ ಮನೆಯ ವೇದಿಕೆ, ಗಾಯಕಿಗೆ ನೋಟು ಕೊಡಲು ಸಾಲುಗಟ್ಟುವ ಜನ, ಕೆಳಗೆ ಕುಣಿಯುವ ಹುಡುಗರು. ಕೆಲಸದಿಂದ ದಣಿದು ಬಂದ ದಿನ ನಾನು ಹಾಕೋದು ಇದನ್ನೇ. ಹತ್ತು ನಿಮಿಷ ಸಾಕು, ಮೈ ಹಗುರಾಗುತ್ತದೆ.

ಆದರೂ ಮನಸ್ಸು ಕಟ್ಟಿಹಾಕಿದ್ದು ವಯಾಂಗ್. ಧಾಲಾಂಗ್, ಅಂದರೆ ಗೊಂಬೆಯಾಡಿಸುವವನು, ರಾತ್ರಿ ಒಂಬತ್ತರ ಹೊತ್ತಿಗೆ ಕೂತರೆ ಏಳೋದು ಬೆಳಗಿನ ಜಾವಕ್ಕೆ. ಎಲ್ಲ ಪಾತ್ರಗಳ ದನಿಯೂ ಅವನೊಬ್ಬನದೇ. ಕೈಯಲ್ಲಿ ಗೊಂಬೆ, ಜೊತೆಗೆ ಗೊಂಬೆ ಪೆಟ್ಟಿಗೆಗೆ ಮರದ ಸುತ್ತಿಗೆಯಿಂದ ಟಕ್ ಟಕ್ ಎಂದು ಕುಟ್ಟಿ ಗಮೆಲಾನ್ ಎಂಬ ಲೋಹದ ತಾಳವಾದ್ಯಗಳ ಮೇಳದವರಿಗೆ ಸನ್ನೆ. ನಮ್ಮ ಬಯಲಾಟದಲ್ಲಿ ಭಾಗವತರು, ವೇಷಧಾರಿಗಳು ಹಂಚಿಕೊಂಡು ಮಾಡುವ ಕೆಲಸದಲ್ಲಿ ಎಷ್ಟೋ ಪಾಲು ಅಲ್ಲಿ ಒಬ್ಬನ ಮೇಲಿದೆ.

ಕಥೆ ಮಹಾಭಾರತದ್ದೇ, ಆದರೆ ಜಾವಾದ್ದು. ಭೀಮ ಅಲ್ಲಿ ವೆರ್ಕುದಾರ. ನಮ್ಮ ವೃಕೋದರನೇ ಅಂತ ಹೊಳೆದಾಗ ಆದ ಖುಷಿ ಅಷ್ಟಿಷ್ಟಲ್ಲ. ದ್ರೌಪದಿ ಧರ್ಮರಾಯನೊಬ್ಬನ ಹೆಂಡತಿ. ಶ್ರೀಕಾಂಡಿ, ಅಂದರೆ ಶಿಖಂಡಿ, ಬಿಲ್ಲು ಹಿಡಿದ ಹೆಣ್ಣು, ಅರ್ಜುನನ ಮಡದಿ! ನಮ್ಮ ಭಾರತದಲ್ಲಿಲ್ಲದ ಸೆಮಾರ್, ಗಾರೆಂಗ್, ಪೆತ್ರುಕ್, ಬಗೊಂಗ್ ಎಂಬ ನಾಲ್ವರು ಸೇವಕರೂ ಇದ್ದಾರೆ.

ಯಾರ ಆಟ ನೋಡಬೇಕು ಅಂದರೆ ಜಾವಾದ ಯೋಗ್ಯಕಾರ್ತ ನಗರದ ಧಾಲಾಂಗ್ ಕೀ ಸೆನೊ ನುಗ್ರೊಹೊ ಅವರದ್ದು. 2020ರಲ್ಲಿ ಕೊರೊನಾ ಬಂದು ಆಟಗಳು ನಿಂತಾಗ ಚಿಕ್ಕ ಮೇಳ ಕಟ್ಟಿ ಲೈವ್ ಕೊಟ್ಟರು. ಅದೇ ನವೆಂಬರಿನಲ್ಲಿ 48ನೇ ವಯಸ್ಸಿಗೆ ತೀರಿಕೊಂಡರು. ಅವರ ಬಗೊಂಗ್ ಡೊಳ್ಳುಹೊಟ್ಟೆ, ಅಗಲ ಬಾಯಿಯವನು. ರಾಜನ ಎದುರೇ ಅನಿಸಿದ್ದನ್ನು ಹೇಳಿಬಿಡುತ್ತಾನೆ. ಮೇಳದವರು ನಗುತ್ತಾರೆ. ಮಾತು ಗೊತ್ತಾಗದಿದ್ದರೂ ನಾನೂ ನಕ್ಕಿದ್ದೇನೆ.

ಒಂದು ತೊಡಕಿದೆ. ಭಾಷೆ ಜಾವಾನೀಸ್, ಸಿನೆತ್ರೊನ್‌ನಲ್ಲಿ ಕಲಿತ ಇಂಡೋನೇಷ್ಯನ್ ಇಲ್ಲಿ ಅಷ್ಟಾಗಿ ಕೆಲಸಕ್ಕೆ ಬರಲ್ಲ. ಅದಕ್ಕೆ ಆಟದ ಪ್ರಸಂಗ ಯಾವುದು ಅಂತ ಮೊದಲೇ ಓದಿಕೊಂಡು ಕೂರುತ್ತೇನೆ.

ಹೊಸದಾಗಿ ನೋಡುವವರು ಮೊದಲಿಂದ ಶುರು ಮಾಡಬೇಡಿ. ಆ ನಾಲ್ವರು ಸೇವಕರು ಬರುವ ಗೊರೊ-ಗೊರೊ ಭಾಗ ಅಲ್ಲಿ ನಡುರಾತ್ರಿಯ ಹೊತ್ತಿಗೆ. ನಮಗೆ ಹತ್ತೂವರೆ. ಅಷ್ಟು ಹೊತ್ತಿಗೆ ಹಚ್ಚಿ, ಕಿವಿಗೆ ಇಯರ್‌ಫೋನ್ ಇರಲಿ.