ಕಡಲೆಯ ಬಿತ್ತನೆಗೆ ತಂದ ಎರಡು ಪೊಟ್ಟಣ: ಒಂದಕ್ಕೆ ಅಡ್ಡಹೆಸರು ಮಾತ್ರ, ಇನ್ನೊಂದಕ್ಕೆ ಪೂರ್ತಿ ಹೆಸರು

ರೋಣ ತಾಲ್ಲೂಕಿನ ನಮ್ಮ ಎರೆಹೊಲದ ಕಡಲೆಗೆ ಬೀಜೋಪಚಾರ ಮಾಡಲು ಎರಡು ಬೇರೆ ಬೇರೆ ಹಿಂಗಾರಿನಲ್ಲಿ ತಂದ ಎರಡು ರೈಜೋಬಿಯಂ ಪೊಟ್ಟಣಗಳ ಬಗ್ಗೆ ಬರೆಯುತ್ತಿದ್ದೇನೆ. ಎರಡೂ 200 ಗ್ರಾಂ ತೂಕದವು. ಎರಡರ ಒಳಗೂ ಕೈಗೆ ಹತ್ತುವ ಅದೇ ಕರಿಯ ಲಿಗ್ನೈಟ್ ಪುಡಿ, ಅದೇ ತೇವದ ಮಣ್ಣಿನ ವಾಸನೆ. ಅಂಗೈ ಮೇಲೆ ಸುರಿದುಕೊಂಡು ನೋಡಿದರೆ ಯಾವುದು ಯಾವುದೆಂದು ಯಾರಿಗೂ ಹೇಳಲಾಗದು. ಬೇರೆಯಾಗಿದ್ದುದು ಹೊರಗೆ ಅಚ್ಚಾಗಿದ್ದ ಹೆಸರು. ಹೊಲದಲ್ಲಿ ಆದ ವ್ಯತ್ಯಾಸವೂ ಬಹುಮಟ್ಟಿಗೆ ಅಲ್ಲಿಂದಲೇ ಹುಟ್ಟಿತು ಎಂಬುದು ನನ್ನ ತೀರ್ಮಾನ.

ನಾನು 28 ವರ್ಷ ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸಿದವಳು. ನಿವೃತ್ತಿಯಾದ ಮೇಲೆ ಅಣ್ಣನ ಜೊತೆ ಹೊಲ ನೋಡಿಕೊಳ್ಳುತ್ತಿದ್ದೇನೆ. "ದ್ವಿದಳ ಸಸ್ಯಗಳ ಬೇರುಗಂಟುಗಳಲ್ಲಿ ರೈಜೋಬಿಯಂ ಎಂಬ ಬ್ಯಾಕ್ಟೀರಿಯಾ ಇರುತ್ತದೆ, ಅದು ಗಾಳಿಯ ಸಾರಜನಕವನ್ನು ಸ್ಥಿರೀಕರಿಸುತ್ತದೆ" ಎಂಬ ವಾಕ್ಯವನ್ನು ಎಷ್ಟು ತರಗತಿಗಳಿಗೆ ಬರೆಸಿದ್ದೇನೋ ಲೆಕ್ಕವಿಲ್ಲ. ಪರೀಕ್ಷೆಗೆ ಅಷ್ಟು ಸಾಕಾಗುತ್ತಿತ್ತು. ಬಿತ್ತುವವರಿಗೆ ಸಾಲದು ಎಂದು ಗೊತ್ತಾದದ್ದು ಮೊದಲ ಪೊಟ್ಟಣದಿಂದ.

ಅದನ್ನು 2022ರ ಅಕ್ಟೋಬರಿನಲ್ಲಿ ಒಂದು ಖಾಸಗಿ ಅಂಗಡಿಯಲ್ಲಿ ಕೊಂಡೆ. ಅಂಗಡಿಯ ಹೆಸರಾಗಲಿ ತಯಾರಕರ ಹೆಸರಾಗಲಿ ಇಲ್ಲಿ ಬೇಡ. ಇಂಥ ಪೊಟ್ಟಣ ಅವರೊಬ್ಬರದೇ ಅಲ್ಲ. ಮೇಲೆ ದೊಡ್ಡಕ್ಷರದಲ್ಲಿ "ರೈಜೋಬಿಯಂ" ಎಂದಿತ್ತು, ಕೆಳಗೆ "ಎಲ್ಲ ದ್ವಿದಳ ಧಾನ್ಯಗಳಿಗೆ" ಎಂದಿತ್ತು. ಕಡಲೆಗೆ ಬೇರೆಯದೇ ಇದೆಯೇ ಎಂದು ಕೇಳಿದೆ. "ಟೀಚರ್, ರೈಜೋಬಿಯಂ ಅಂದರೆ ರೈಜೋಬಿಯಂ, ಎಲ್ಲಕ್ಕೂ ಅದೇ" ಎಂದರು ಅಂಗಡಿಯವರು. ಅವರು ಸುಳ್ಳು ಹೇಳಲಿಲ್ಲ. ತಮಗೆ ತಿಳಿದದ್ದನ್ನು ಹೇಳಿದರು. ನಾನು ಬರೆಸುತ್ತಿದ್ದ ವಾಕ್ಯವೂ ಅದನ್ನೇ ಹೇಳುತ್ತಿತ್ತಲ್ಲ!

ಬೆಲ್ಲ ಕುದಿಸಿ ಆರಿಸಿದ ನೀರನ್ನು ಜೆಜಿ-11 ಎಂಬ ಕಡಲೆ ತಳಿಯ ಬೀಜಕ್ಕೆ ಚಿಮುಕಿಸಿ, ಪುಡಿ ಹಚ್ಚಿ, ನೆರಳಲ್ಲಿ ಗೋಣಿತಾಟಿನ ಮೇಲೆ ಆರಹಾಕಿ, ಅದೇ ದಿನ ಕೂರಿಗೆಯಲ್ಲಿ ಬಿತ್ತಿದೆವು. ಬಿತ್ತಿದ್ದು ನಾವು ಬಲ್ಲ ಕಾಲದಿಂದಲೂ ಉಳ್ಳಾಗಡ್ಡಿ, ಮೆಣಸಿನಕಾಯಿ ಬಿಟ್ಟರೆ ಬೇರೆ ಕಾಣದ ಎರಡು ಎಕರೆಯಲ್ಲಿ. ಬದುವಿನ ಆಚೆಗೆ ವರ್ಷ ಬಿಟ್ಟು ವರ್ಷ ಕಡಲೆ ಬೆಳೆಯುವ ಹಳೆಯ ಹೊಲವಿದೆ. ಅಲ್ಲಿಯ ಬೀಜಕ್ಕೆ ಏನನ್ನೂ ಹಚ್ಚಿರಲಿಲ್ಲ.

ನಲವತ್ತೈದನೆಯ ದಿನ ಸಲಿಕೆ ಹಿಡಿದು ಹೋದೆ. ಗಿಡ ಕಿತ್ತರೆ ಗಂಟುಗಳು ಎರೆಮಣ್ಣಿನಲ್ಲೇ ಕಳಚಿ ಉಳಿದುಬಿಡುತ್ತವೆ. ಸುತ್ತ ಅಗೆದು, ಹೆಂಟೆ ಸಮೇತ ಎತ್ತಿ, ಬಕೆಟ್ ನೀರಿನಲ್ಲಿ ನೆನೆಸಿ ಬಿಡಿಸಬೇಕು. ಪುಡಿ ಹಚ್ಚಿದ ಹೊಲದಿಂದ ಹತ್ತು ಗಿಡ ಎತ್ತಿದೆ. ಆರರಲ್ಲಿ ಒಂದು ಗಂಟೂ ಇರಲಿಲ್ಲ. ಉಳಿದ ನಾಲ್ಕರಲ್ಲಿ ಸಾಸಿವೆಯಷ್ಟು ಸಣ್ಣವು ಅಲ್ಲೊಂದು ಇಲ್ಲೊಂದು. ಬ್ಲೇಡಿನಿಂದ ಸೀಳಿದರೆ ಒಳಗೆ ಬಿಳಿ. ಬದುವಿನಾಚೆಯ ಗಿಡಗಳ ತಾಯಿಬೇರಿನ ಮೇಲುಭಾಗದಲ್ಲಿ ಗಂಟುಗಳು ಗೊಂಚಲುಗಟ್ಟಿದ್ದವು, ಸೀಳಿದರೆ ಹಸಿ ಮಾಂಸದ ಕೆಂಪು. ಆ ಕೆಂಪು ಲೆಗ್‌ಹಿಮೋಗ್ಲೋಬಿನ್‌ನದು, ನಮ್ಮ ರಕ್ತದ ಬಣ್ಣಕ್ಕೆ ಹತ್ತಿರದ ಸಂಬಂಧಿ. ಸಾರಜನಕ ಹಿಡಿಯುವ ಕಿಣ್ವಕ್ಕೆ ಆಮ್ಲಜನಕ ಆಗಿಬರುವುದಿಲ್ಲ. ಅದನ್ನು ಹಿಡಿದಿಟ್ಟು, ಬ್ಯಾಕ್ಟೀರಿಯಾದ ಉಸಿರಾಟಕ್ಕೆ ಬೇಕಾದಷ್ಟನ್ನೇ ಕೊಡುವುದು ಈ ಕೆಂಪಿನ ಕೆಲಸ. ಕೆಂಪಿದ್ದರೆ ಗಂಟು ದುಡಿಯುತ್ತಿದೆ, ಬಿಳಿಯಾಗಿದ್ದರೆ ಗಿಡದ ಊಟ ತಿಂದು ಸುಮ್ಮನಿದೆ.

ಹಳೆಯ ಹೊಲದ ಮಣ್ಣಿನಲ್ಲಿ ಕಡಲೆಯ ಬ್ಯಾಕ್ಟೀರಿಯಾ ಮೊದಲೇ ಮನೆಮಾಡಿತ್ತು, ಹೊಸ ಹೊಲದಲ್ಲಿ ಇರಲಿಲ್ಲ. ಪೊಟ್ಟಣವೂ ಅದನ್ನು ತಂದುಕೊಡಲಿಲ್ಲ. ಪೊಟ್ಟಣದೊಳಗಿನ ಜೀವ ಮೊದಲೇ ಸತ್ತಿದ್ದಿರಲೂಬಹುದು, ಏಕೆಂದರೆ ಅದು ಅಂಗಡಿಯಲ್ಲಿ ಬಿಸಿಲು ಬೀಳುವ ಗಾಜಿನ ಕಪಾಟಿನಲ್ಲಿತ್ತು. ಅದಕ್ಕೇ "ಬಹುಮಟ್ಟಿಗೆ" ಎಂದು ಮೇಲೆ ಬರೆದೆ. ಆದರೆ ಬದುಕಿದ್ದರೂ ಅದು ಕಡಲೆಯ ಬೇರನ್ನು ಹೊಗುತ್ತಿತ್ತೇ? ಪೊಟ್ಟಣದ ಮೇಲಿನ ಹೆಸರು ಆ ಪ್ರಶ್ನೆಗೆ ಉತ್ತರ ಕೊಡುವುದಿಲ್ಲ. ನನ್ನ ದೂರು ಇಷ್ಟೇ.

ಆ ಹೆಸರಿನ ಕಥೆ ಹೀಗಿದೆ. ಬೇರುಗಂಟುಗಳಿಂದಾಗಿಯೇ ದ್ವಿದಳ ಸಸ್ಯಗಳು ಗಾಳಿಯ ಸಾರಜನಕವನ್ನು ಬಳಸುತ್ತವೆ ಎಂದು ಜರ್ಮನಿಯ ಹೆಲ್‌ರೀಗಲ್ ಮತ್ತು ವಿಲ್ಫಾರ್ಟ್ 1880ರ ದಶಕದಲ್ಲಿ ತೋರಿಸಿದರು. 1888ರಲ್ಲಿ ಹಾಲೆಂಡಿನ ಬೈಯರಿಂಕ್ ಗಂಟಿನೊಳಗಿನ ಬ್ಯಾಕ್ಟೀರಿಯಾವನ್ನು ಬೇರ್ಪಡಿಸಿ ಬೆಳೆಸಿ, ಅದನ್ನು ಬ್ಯಾಸಿಲಸ್ ಕುಲಕ್ಕೆ ಸೇರಿಸಿದರು. ಮರುವರ್ಷ, 1889ರಲ್ಲಿ, ಫ್ರಾಂಕ್ ಎಂಬ ಜರ್ಮನ್ ಸಸ್ಯವಿಜ್ಞಾನಿ ಅದಕ್ಕೆ ರೈಜೋಬಿಯಂ ಎಂಬ ಹೊಸ ಕುಲನಾಮ ಕೊಟ್ಟರು. ಗ್ರೀಕಿನಲ್ಲಿ ರೈಜ ಎಂದರೆ ಬೇರು, ಬಯೋಸ್ ಎಂದರೆ ಬದುಕು. ಬೇರಿನಲ್ಲಿ ಬಾಳುವುದು ಎಂಬ ಅರ್ಥ. ಇಷ್ಟು ಸೊಗಸಾದ, ಇಷ್ಟು ನಿಜವಾದ ಹೆಸರು ಜೀವಶಾಸ್ತ್ರದಲ್ಲಿ ಹೆಚ್ಚಿಲ್ಲ.

ನೂರು ವರ್ಷ ಕಳೆಯುವಷ್ಟರಲ್ಲಿ ಆ ಒಂದು ಮನೆ ಒಡೆದು ಹಲವಾಯಿತು. ಸೋಯಾದ ಬ್ಯಾಕ್ಟೀರಿಯಾ ಪ್ರಯೋಗಾಲಯದ ತಟ್ಟೆಯಲ್ಲಿ ಬಹಳ ನಿಧಾನವಾಗಿ ಬೆಳೆಯುತ್ತದೆಂದು 1982ರಲ್ಲಿ ಅದನ್ನು ಬ್ರಾಡಿರೈಜೋಬಿಯಂ ಎಂದು ಬೇರೆ ಮಾಡಿದರು. ಬ್ರಾಡಿ ಎಂದರೆ ನಿಧಾನ. ನಮ್ಮ ಶೇಂಗಾ, ತೊಗರಿ, ಅಲಸಂದೆ, ಹೆಸರು, ಉದ್ದು, ಹುರುಳಿ ಹೆಚ್ಚಾಗಿ ನಂಟು ಬೆಳೆಸುವುದು ಈ ನಿಧಾನಿಗಳ ಜೊತೆ. ಬಟಾಣಿಯದು ಹಳೆಯ ಮನೆಯಲ್ಲೇ ಉಳಿಯಿತು. 1997ರಲ್ಲಿ, ಅತ್ತ ವೇಗವೂ ಅಲ್ಲದ ಇತ್ತ ನಿಧಾನವೂ ಅಲ್ಲದ ಗುಂಪಿಗೆ ಮೀಸೋರೈಜೋಬಿಯಂ ಎಂಬ ಹೆಸರು ಬಂತು. ಮೀಸೋ ಎಂದರೆ ನಡು. ಕಡಲೆಯ ಬ್ಯಾಕ್ಟೀರಿಯಾ ಈ ನಡುವಿನ ಮನೆಯದು: ಮೀಸೋರೈಜೋಬಿಯಂ ಸಿಸೆರಿ. ಅದಕ್ಕೆ 1994ರಲ್ಲಿ ಮೊದಲು ಹೆಸರಿಟ್ಟಾಗ ರೈಜೋಬಿಯಂ ಸಿಸೆರಿ ಎಂದೇ ಕರೆದಿದ್ದರು, ಮೂರೇ ವರ್ಷದಲ್ಲಿ ಮನೆ ಬದಲಾಯಿತು. ಸಿಸೆರ್ ಎಂಬುದು ಲ್ಯಾಟಿನ್ನಿನಲ್ಲಿ ಕಡಲೆ. ರೋಮಿನ ವಾಗ್ಮಿ ಸಿಸೆರೊನ ಮನೆತನದ ಹೆಸರು ಬಂದದ್ದೂ ಅದೇ ಕಾಳಿನಿಂದ. ಉಳ್ಳಾಗಡ್ಡಿ, ಮೆಣಸಿನಕಾಯಿ ಎಂಬ ಅಡ್ಡಹೆಸರಿನವರು ಓಣಿಗೊಬ್ಬರು ಸಿಗುವ ನಮ್ಮ ಸೀಮೆಯವರಿಗೆ ಇದು ಹೊಸದೆನಿಸುವುದಿಲ್ಲ.

ಅಡ್ಡಹೆಸರಿನ ಮಾತು ಬಂದದ್ದು ಒಳ್ಳೆಯದಾಯಿತು. ನಮ್ಮೂರಿಗೆ "ಪಾಟೀಲ" ಎಂದಷ್ಟೇ ಬರೆದು ಪತ್ರ ಹಾಕಿದರೆ ಅಂಚೆಯಣ್ಣ ಯಾವ ಮನೆ ಬಾಗಿಲು ತಟ್ಟಬೇಕು? ಕುಲನಾಮ ಅಡ್ಡಹೆಸರಿದ್ದಂತೆ. ಅದರ ಮುಂದೆ ಪ್ರಭೇದದ ಹೆಸರು ಬಂದಾಗಲೇ ವಿಳಾಸ ಪೂರ್ತಿಯಾಗುತ್ತದೆ. ಇಲ್ಲಿ ಇನ್ನೊಂದು ತೊಡಕಿದೆ. ರೈಜೋಬಿಯಂ ಎಂಬ ಪದಕ್ಕೆ ಈಗ ಎರಡು ಬಳಕೆಗಳಿವೆ. ಒಂದು, ಫ್ರಾಂಕ್ ಇಟ್ಟ, ಈಗ ಕಿರಿದಾಗಿರುವ ಆ ಒಂದು ಕುಲದ ಹೆಸರು. ಇನ್ನೊಂದು, ಬೇರುಗಂಟು ಮಾಡುವ ಬ್ಯಾಕ್ಟೀರಿಯಾಗಳಿಗೆಲ್ಲ ರೈತರೂ ವಿಜ್ಞಾನಿಗಳೂ ಇಟ್ಟುಕೊಂಡಿರುವ ರೂಢಿಯ ಹೆಸರು. ರೋಮನ್ ಲಿಪಿಯಲ್ಲಿ ಕುಲನಾಮವಾದರೆ ಮೊದಲ ಅಕ್ಷರ ದೊಡ್ಡದು, ಇಡೀ ಹೆಸರು ಓರೆ. ರೂಢಿನಾಮವಾದರೆ ಸಾದಾ ಸಣ್ಣಕ್ಷರ. ಓದುವವನಿಗೆ ಕಣ್ಣಲ್ಲೇ ತಿಳಿಯುತ್ತದೆ. ಕನ್ನಡದಲ್ಲಿ ದೊಡ್ಡಕ್ಷರ ಸಣ್ಣಕ್ಷರ ಇಲ್ಲ. ಪೊಟ್ಟಣದ ಮೇಲೆ ಓರೆ ಅಕ್ಷರವನ್ನು ಯಾರೂ ಹಾಕುವುದಿಲ್ಲ. ಆದ್ದರಿಂದ ಕನ್ನಡದಲ್ಲಿ ಅಚ್ಚು ಹಾಕುವವರು ಉಳಿದವರಿಗಿಂತ ಹೆಚ್ಚು ಬಿಡಿಸಿ ಬರೆಯಬೇಕು, ಕಡಿಮೆ ಅಲ್ಲ. ಈ ವಿಷಯದಲ್ಲಿ ನನಗೆ ಸಿಟ್ಟೇ ಇದೆ. ಜರ್ಮನಿಯ ನೊಬ್ಬೆ ಮತ್ತು ಹಿಲ್ಟ್‌ನರ್ 1896ರಲ್ಲಿ ನೈಟ್ರಾಜಿನ್ ಎಂಬ ಮೊದಲ ಬೇರುಗಂಟಿನ ಗೊಬ್ಬರಕ್ಕೆ ಪೇಟೆಂಟ್ ಪಡೆದಾಗಲೇ ಬೇರೆ ಬೇರೆ ಬೆಳೆಗೆ ಬೇರೆ ಬೇರೆ ಬಾಟಲಿ ಮಾರಿದ್ದರು. ಇಷ್ಟು ವರ್ಷಗಳ ಮೇಲೆ ನಮ್ಮ ಕೈಗೆ "ಎಲ್ಲ ದ್ವಿದಳ ಧಾನ್ಯಗಳಿಗೆ" ಎಂಬ ಪೊಟ್ಟಣ ಕೊಡುವುದು ಸರಿಯಲ್ಲ.

2023 ಬರದ ವರ್ಷ. ಹೊಸ ಪ್ರಯೋಗಕ್ಕೆ ಕೈಹಾಕಲಿಲ್ಲ.

ಎರಡನೆಯ ಪೊಟ್ಟಣ ತಂದದ್ದು 2024ರಲ್ಲಿ, ಒಂದು ಸರ್ಕಾರಿ ಜೈವಿಕ ಗೊಬ್ಬರ ಘಟಕದಿಂದ. ಮೇಲೆ ಕನ್ನಡದಲ್ಲಿ "ಕಡಲೆ" ಎಂದು ಎದ್ದುಕಾಣುವಂತಿತ್ತು. ಕೆಳಗೆ ಇಂಗ್ಲಿಷಿನಲ್ಲಿ ಮೀಸೋರೈಜೋಬಿಯಂ ಸಿಸೆರಿ ಎಂದು ಓರೆಯಕ್ಷರದಲ್ಲಿ ತಪ್ಪಿಲ್ಲದೆ ಅಚ್ಚಾಗಿತ್ತು. ತಯಾರಿಸಿದ ದಿನ, ಅವಧಿ ಮುಗಿಯುವ ದಿನ, ಬ್ಯಾಚ್ ಸಂಖ್ಯೆ, ಗ್ರಾಂಗೆ ಇರಬೇಕಾದ ಜೀವಕೋಶಗಳ ಸಂಖ್ಯೆ, ಎಲ್ಲವೂ ಓದಲು ಬರುವಂತಿದ್ದವು. ರಸಗೊಬ್ಬರ ನಿಯಂತ್ರಣ ಆದೇಶದ ಪ್ರಕಾರ ಪುಡಿರೂಪದ ರೈಜೋಬಿಯಂನಲ್ಲಿ ಗ್ರಾಂಗೆ ಕನಿಷ್ಠ ಐದು ಕೋಟಿ ಜೀವಂತ ಕೋಶಗಳಿರಬೇಕು. ಘಟಕದವರು ಪೊಟ್ಟಣಗಳನ್ನು ತಂಪಾದ, ಕತ್ತಲೆಯ ಕೋಣೆಯಿಂದ ತಂದುಕೊಟ್ಟರು. ಬಸ್ಸಿನಲ್ಲಿ ಬರುವಾಗ ನಾನು ಅವುಗಳನ್ನು ಒದ್ದೆ ಟವೆಲ್ಲಿನಲ್ಲಿ ಸುತ್ತಿ ಕಾಲ ಬಳಿ ನೆರಳಲ್ಲಿ ಇಟ್ಟುಕೊಂಡೆ.

ಈ ಸಲ ಬಿತ್ತಿದ್ದು ಇನ್ನೊಂದು ತುದಿಯ ಒಂದು ಎಕರೆ, ಅದೂ ಕಡಲೆ ಕಾಣದ ನೆಲ. ಬೀಜ, ಬೆಲ್ಲದ ನೀರು, ನೆರಳು, ಕೂರಿಗೆ ಎಲ್ಲ ಮೊದಲಿನಂತೆಯೇ. ಸೊರಗು ರೋಗ ತಡೆಯಲೆಂದು ಟ್ರೈಕೋಡರ್ಮಾ ಎಂಬ ಉಪಕಾರಿ ಶಿಲೀಂಧ್ರದ ಪುಡಿ ಹಚ್ಚಿದ್ದೂ ಎರಡೂ ಸಲ ಒಂದೇ ರೀತಿ. ನನ್ನ ಒತ್ತಾಯಕ್ಕೆ ಅಣ್ಣ ನಾಲ್ಕು ಸಾಲುಗಳನ್ನು ಪುಡಿ ಹಚ್ಚದ ಬೀಜದಿಂದ ಬಿತ್ತಿ, ಅವಕ್ಕೆ ಬೇವಿನ ಗೂಟ ನೆಟ್ಟ. "ತಂಗಿ, ಹೊಲವನ್ನೂ ಶಾಲೆ ಮಾಡಿದೆ" ಎಂದ. ಆದರೆ ನಲವತ್ತೈದನೆಯ ದಿನ ಸಲಿಕೆ ಹಿಡಿದು ಮೊದಲು ಹೊರಟವನು ಅವನೇ.

ಪುಡಿ ಹಚ್ಚಿದ ಸಾಲುಗಳಿಂದ ಹತ್ತು ಗಿಡ, ಗೂಟದ ಸಾಲುಗಳಿಂದ ಹತ್ತು ಗಿಡ ಎತ್ತಿದೆವು. ಹಚ್ಚಿದ ಹತ್ತರಲ್ಲಿ ಒಂಬತ್ತರ ತಾಯಿಬೇರಿನಲ್ಲಿ, ಮಣ್ಣಿನ ಮೇಲ್ಪದರಕ್ಕೆ ಹತ್ತಿರ, ಜೋಳದ ಕಾಳಿನಷ್ಟು ದಪ್ಪದ ಗಂಟುಗಳ ಗುಂಪು. ಸೀಳಿದವೆಲ್ಲ ಕೆಂಪು. ಗೂಟದ ಸಾಲಿನ ಗಿಡಗಳಲ್ಲಿ ಎರಡರಲ್ಲಿ ಮಾತ್ರ ಒಂದೊಂದು ಗಂಟು. ನಿಂತು ನೋಡಿದರೆ ಆ ನಾಲ್ಕು ಸಾಲುಗಳು ಹಳದಿ ಪಟ್ಟಿಯಂತೆ ಕಾಣುತ್ತಿದ್ದವು. ಅಣ್ಣ ಒಂದು ಗಂಟನ್ನು ಹೆಬ್ಬೆರಳ ಉಗುರಿನಿಂದ ಒಡೆದು, ಉಗುರಿಗೆ ಹತ್ತಿದ ಕೆಂಪನ್ನು ಬಹಳ ಹೊತ್ತು ನೋಡುತ್ತ ನಿಂತ. ನಲವತ್ತು ವರ್ಷ ಕಡಲೆ ಬೆಳೆದವನು ಬೇರಿನ ಒಳಗನ್ನು ನೋಡಿದ್ದು ಅದೇ ಮೊದಲು.

ಇಳುವರಿಯ ಲೆಕ್ಕವನ್ನು ಇಲ್ಲಿ ಕೊಡುವುದಿಲ್ಲ. ನಾಲ್ಕು ಸಾಲಿನ ಕಾಳನ್ನು ಬೇರೆ ತೂಗುವ ಮೊದಲೇ ಅದು ರಾಶಿಗೆ ಸೇರಿಹೋಯಿತು. ಬೇರಿನಲ್ಲಿ ಕಂಡದ್ದನ್ನಷ್ಟೇ ಖಚಿತವಾಗಿ ಹೇಳಬಲ್ಲೆ. ವರ್ಷ ಬಿಟ್ಟು ವರ್ಷ ಕಡಲೆ ಬೆಳೆಯುವ ಹೊಲವಿರುವವರು ಇದರಿಂದ ದೊಡ್ಡ ವ್ಯತ್ಯಾಸವನ್ನು ನಿರೀಕ್ಷಿಸಬೇಡಿ. ಅಲ್ಲಿಯ ಮಣ್ಣಿನಲ್ಲಿ ಅದು ಈಗಾಗಲೇ ಇದೆ. ಮೊದಲ ಬಾರಿ ಕಡಲೆ ಹಾಕುವವರಿಗಾದರೆ ಕಣ್ಣುಮುಚ್ಚಿ ತನ್ನಿ ಎನ್ನುತ್ತೇನೆ.

ಮೊದಲ ಪೊಟ್ಟಣಕ್ಕೆ ಐದರಲ್ಲಿ ಒಂದು ಅಂಕ. ಎರಡನೆಯದಕ್ಕೆ ನಾಲ್ಕು. ಒಂದು ಅಂಕ ಕಡಿತ ಏಕೆಂದರೆ, ಪೂರ್ತಿ ಹೆಸರು ಇಂಗ್ಲಿಷಿನಲ್ಲಿ ಮಾತ್ರ ಇದೆ. ಅಣ್ಣ ಇಂಗ್ಲಿಷ್ ಓದುವುದಿಲ್ಲ. ಶೇಂಗಾದ ಪೊಟ್ಟಣವೂ ಕಡಲೆಯ ಪೊಟ್ಟಣವೂ ಒಂದೇ ಬಣ್ಣದವು, "ಕಡಲೆ" ಎಂಬ ಕನ್ನಡದ ಚೀಟಿ ನೀರು ತಾಗಿ ಉದುರಿದರೆ ಅವನ ಪಾಲಿಗೆ ಎರಡೂ ಒಂದೇ. ಘಟಕಕ್ಕೆ ಪತ್ರ ಬರೆದಿದ್ದೇನೆ. ಪೊಟ್ಟಣದ ಮೈಮೇಲೆಯೇ ಕನ್ನಡದಲ್ಲಿ ಎರಡು ಸಾಲು ಅಚ್ಚು ಹಾಕಬೇಕೆಂದು ಕೇಳಿ, ಆ ಸಾಲುಗಳನ್ನೂ ಬರೆದು ಕಳಿಸಿದ್ದೇನೆ: "ಮೀಸೋರೈಜೋಬಿಯಂ ಸಿಸೆರಿ, ಕಡಲೆಯ ಬೇರಿನಲ್ಲಿ ಬಾಳುವ ಜೀವ. ಶೇಂಗಾ, ತೊಗರಿ, ಹೆಸರಿಗೆ ಇದು ಒಗ್ಗುವುದಿಲ್ಲ, ಅವಕ್ಕೆ ಬ್ರಾಡಿರೈಜೋಬಿಯಂ ಕೇಳಿ ಪಡೆಯಿರಿ."